ಬಸದಿಗೂ ಯಾತ್ರೆಗೂ ಜೊತೆಗೊಯ್ಯುವ ಆಕ್ಸಿಜನ್: ಮನೆಯ ಹಿರಿಯರಿಗೆ ಯಾವ ಸಾಧನ ಸರಿ?

ಬೀಡಿ, ಸಿಗರೇಟು ಮುಟ್ಟದ ಮನೆಗಳಲ್ಲೂ ಶ್ವಾಸಕೋಶದ ಕಾಯಿಲೆ ಬರುತ್ತದೆ. ಮೂವತ್ತು ನಲವತ್ತು ವರ್ಷ ಸೌದೆ ಒಲೆಯ ಮುಂದೆ ಕುಳಿತು ಅಡುಗೆ ಮಾಡಿದ ಅಜ್ಜಿಯರಲ್ಲಿ ಸಿಒಪಿಡಿ ಕಾಣಿಸಿಕೊಳ್ಳುವುದು ನಮ್ಮ ಹಳ್ಳಿ, ಪಟ್ಟಣಗಳಲ್ಲಿ ಹೊಸದೇನಲ್ಲ. ಹಿಂದೆ ಕ್ಷಯ ಬಂದು ವಾಸಿಯಾದವರ ಶ್ವಾಸಕೋಶದಲ್ಲಿ ಉಳಿದ ಗಾಯ, ಶ್ವಾಸಕೋಶ ನಾರುಗಟ್ಟುವ ಕಾಯಿಲೆ, ದೂಳಿನ ಕೆಲಸ ಇವೂ ಕಾರಣವಾಗುತ್ತವೆ. ಮೊದಮೊದಲು ಮೆಟ್ಟಿಲು ಹತ್ತುವಾಗ ಏದುಸಿರು, ಆಮೇಲೆ ಸ್ನಾನ ಮಾಡುವಾಗ, ಕೊನೆಗೆ ಸುಮ್ಮನೆ ಕುಳಿತಾಗಲೂ. "ವಯಸ್ಸಾಯಿತಲ್ಲ" ಎಂದು ಮನೆಯವರು ಸುಮ್ಮನಿರುವುದರಲ್ಲೇ ಕೆಲವು ವರ್ಷ ಕಳೆದಿರುತ್ತದೆ.

ವೈದ್ಯರು ಮನೆಯಲ್ಲೇ ಆಕ್ಸಿಜನ್ ತೆಗೆದುಕೊಳ್ಳಬೇಕು ಎಂದ ದಿನದಿಂದ ಇನ್ನೊಂದು ಕಷ್ಟ ಶುರುವಾಗುತ್ತದೆ. ಹಿರಿಯರು ಕೋಣೆ ಬಿಟ್ಟು ಹೊರಬರುವುದಿಲ್ಲ. ದಿನವೂ ದರ್ಶನಕ್ಕೆ ಹೋಗುತ್ತಿದ್ದವರು ಬಸದಿಯ ಹೆಸರೆತ್ತುವುದನ್ನೇ ಬಿಡುತ್ತಾರೆ. ಮೊಮ್ಮಗನ ಮದುವೆಗೂ ಬರುವುದಿಲ್ಲ ಎನ್ನುತ್ತಾರೆ. ಹೊರಗೆ ಒಯ್ಯುವ ಆಕ್ಸಿಜನ್ ಸಾಧನಗಳಿರುವುದು ಇಂಥವರಿಗಾಗಿಯೇ. ಆದರೆ ಅಂಗಡಿಯವರ ಮಾತು ಕೇಳಿ ಅವಸರದಲ್ಲಿ ಕೊಂಡ ಯಂತ್ರ ರೋಗಿಗೆ ಸಾಲದೆ ಮೂಲೆ ಸೇರುವುದೂ ಅಷ್ಟೇ ಸಾಮಾನ್ಯ.

ಯಾರಿಗೆ ಬೇಕು, ಯಾರಿಗೆ ಬೇಡ

ಏದುಸಿರು ಬಂದವರಿಗೆಲ್ಲ ಆಕ್ಸಿಜನ್ ಬೇಕಾಗುವುದಿಲ್ಲ. ಏದುಸಿರು ಬೇರೆ, ರಕ್ತದಲ್ಲಿ ಆಕ್ಸಿಜನ್ ಕಡಿಮೆಯಾಗುವುದು ಬೇರೆ. ಕಾಯಿಲೆ ಸ್ಥಿರವಾಗಿರುವಾಗ, ವಿಶ್ರಾಂತಿಯಲ್ಲಿ, ಬೆರಳಿಗೆ ಹಾಕುವ ಪಲ್ಸ್ ಆಕ್ಸಿಮೀಟರ್ 88 ಅಥವಾ ಅದಕ್ಕಿಂತ ಕಡಿಮೆ ತೋರಿಸುತ್ತಿದ್ದರೆ ವೈದ್ಯರು ರಕ್ತನಾಳದಿಂದ ರಕ್ತ ತೆಗೆದು ಪರೀಕ್ಷಿಸುತ್ತಾರೆ. ಅದರಲ್ಲಿ ಆಕ್ಸಿಜನ್ ಒತ್ತಡ 55ಕ್ಕೆ ಇಳಿದಿದ್ದರೆ ದೀರ್ಘಕಾಲದ ಆಕ್ಸಿಜನ್ ಚಿಕಿತ್ಸೆ ಬರೆಯುತ್ತಾರೆ. ಹೃದಯದ ಬಲಭಾಗಕ್ಕೆ ಭಾರ ಬಿದ್ದು ಕಾಲು ಊದಿಕೊಂಡಿದ್ದರೆ ಅಥವಾ ರಕ್ತ ದಪ್ಪವಾಗಿದ್ದರೆ 56ರಿಂದ 59 ಇದ್ದಾಗಲೂ ಕೊಡುವುದುಂಟು. ಮೆಹಂದಿ, ಉಗುರುಬಣ್ಣ, ತಣ್ಣಗಾದ ಬೆರಳು ಇವು ಮೀಟರಿನ ಲೆಕ್ಕ ತಪ್ಪಿಸುತ್ತವೆ. ಆದ್ದರಿಂದ ಬೆರಳು ಉಜ್ಜಿ, ಐದು ನಿಮಿಷ ಕುಳಿತು ನೋಡುವುದು ಒಳ್ಳೆಯದು.

ಈ ಚಿಕಿತ್ಸೆಯ ಬೆಲೆ ಗೊತ್ತಾದದ್ದು ಎರಡು ಹಳೆಯ ಅಧ್ಯಯನಗಳಿಂದ. 1980ರಲ್ಲಿ ಅಮೆರಿಕದಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ರಾತ್ರಿ ಮಾತ್ರ ಆಕ್ಸಿಜನ್ ಪಡೆದವರಿಗಿಂತ ಹಗಲೂ ರಾತ್ರಿ ಪಡೆದವರು ಹೆಚ್ಚು ಕಾಲ ಬದುಕಿದರು. 1981ರ ಬ್ರಿಟನ್ನಿನ ಅಧ್ಯಯನದಲ್ಲಿ ದಿನಕ್ಕೆ 15 ಗಂಟೆ ಆಕ್ಸಿಜನ್ ಪಡೆದ 42 ಮಂದಿಯಲ್ಲಿ ಐದು ವರ್ಷದೊಳಗೆ 19 ಮಂದಿ ತೀರಿಕೊಂಡರೆ, ಪಡೆಯದ 45 ಮಂದಿಯಲ್ಲಿ 30 ಮಂದಿ ತೀರಿಕೊಂಡರು. ದಿನಕ್ಕೆ ಕನಿಷ್ಠ 15 ಗಂಟೆ ಎಂಬ ವೈದ್ಯರ ಮಾತಿನ ಹಿಂದಿರುವುದು ಇದೇ. "ಸುಸ್ತಾದಾಗ ಅರ್ಧ ಗಂಟೆ ಹಾಕಿಕೊಳ್ಳುತ್ತೇನೆ" ಎನ್ನುವುದರಿಂದ ಆ ಲಾಭ ಸಿಗುವುದಿಲ್ಲ.

ಇನ್ನೊಂದು ಬದಿಯನ್ನೂ ನೋಡಬೇಕು. 2016ರಲ್ಲಿ ಬಂದ ಅಮೆರಿಕದ ದೊಡ್ಡ ಅಧ್ಯಯನವೊಂದು 738 ಸಿಒಪಿಡಿ ರೋಗಿಗಳನ್ನು ಗಮನಿಸಿತು. ವಿಶ್ರಾಂತಿಯಲ್ಲಿ 89ರಿಂದ 93 ಇದ್ದವರು ಅಥವಾ ನಡೆದಾಗ ಮಾತ್ರ ಸಾಧಾರಣವಾಗಿ ಇಳಿಯುತ್ತಿದ್ದವರು ಇವರು. ಆಕ್ಸಿಜನ್ ಕೊಟ್ಟರೂ ಇವರ ಆಯುಷ್ಯದಲ್ಲಾಗಲಿ ಆಸ್ಪತ್ರೆ ಸೇರುವುದರಲ್ಲಾಗಲಿ ವ್ಯತ್ಯಾಸ ಕಾಣಲಿಲ್ಲ. ಹಾಗಾಗಿ 91 ತೋರಿಸುವ ಮೀಟರಿಗೆ ಹೆದರಿ ಲಕ್ಷ ರೂಪಾಯಿಯ ಯಂತ್ರ ತರುವ ಮೊದಲು ಶ್ವಾಸಕೋಶ ತಜ್ಞರನ್ನು ಕಾಣುವುದು ಲೇಸು.

ಸಿಲಿಂಡರ್ ಮತ್ತು ಯಂತ್ರ

ಎಲ್ಲರಿಗೂ ಪರಿಚಿತವಾದದ್ದು ಕಪ್ಪು ಮೈ, ಬಿಳಿ ಹೆಗಲಿನ ಸಿಲಿಂಡರ್. ಆಂಬುಲೆನ್ಸ್‌ಗಳಲ್ಲಿ ಕಾಣುವ ಬಿ ಟೈಪ್ ಸಿಲಿಂಡರಿನಲ್ಲಿ ಸುಮಾರು 1,500 ಲೀಟರ್ ಅನಿಲ ಹಿಡಿಯುತ್ತದೆ. ನಿಮಿಷಕ್ಕೆ 2 ಲೀಟರಿನಂತೆ ಬಿಟ್ಟರೆ ಹನ್ನೆರಡೂವರೆ ಗಂಟೆ ಬರುತ್ತದೆ. ಆದರೆ ಅದನ್ನು ಎತ್ತಿಕೊಂಡು ತಿರುಗಲಾಗದು. ಹೊರಗೆ ಒಯ್ಯಲು ಹೆಗಲಚೀಲದಲ್ಲಿ ಹಿಡಿಯುವ ಅಲ್ಯೂಮಿನಿಯಂ ಸಿಲಿಂಡರುಗಳಿವೆ. ಲೆಕ್ಕ ಸುಲಭ: ಸಿಲಿಂಡರಿನ ಗಾತ್ರವನ್ನು ಒತ್ತಡದಿಂದ ಗುಣಿಸಬೇಕು. 2 ಲೀಟರ್ ಗಾತ್ರದ ಸಿಲಿಂಡರನ್ನು 150 ಬಾರ್ ಒತ್ತಡಕ್ಕೆ ತುಂಬಿಸಿದರೆ 300 ಲೀಟರ್, ಅಂದರೆ 2 ಲೀಟರ್ ಹರಿವಿನಲ್ಲಿ ಎರಡೂವರೆ ಗಂಟೆ. ಬಸದಿಗೆ ಹೋಗಿ ಬರಲು, ವೈದ್ಯರ ಬಳಿ ಹೋಗಲು ಇದು ಸಾಕು. ಕರೆಂಟ್ ಬೇಡ, ಶಬ್ದವಿಲ್ಲ, ಬೆಲೆಯೂ ಕಡಿಮೆ. ತುಂಬಿಸುವ ಏಜೆನ್ಸಿ ಹತ್ತಿರದಲ್ಲಿದೆಯೇ ಎಂಬುದೊಂದೇ ಪ್ರಶ್ನೆ. ಸಣ್ಣ ಊರುಗಳಲ್ಲಿ ಅದೇ ದೊಡ್ಡ ಪ್ರಶ್ನೆ. ತುಂಬಿಸುವುದು ವೈದ್ಯಕೀಯ ಆಕ್ಸಿಜನ್ನೇ ಆಗಿರಬೇಕು, ವೆಲ್ಡಿಂಗ್ ಅಂಗಡಿಯದಲ್ಲ.

ಆಕ್ಸಿಜನ್ ಕಾನ್ಸನ್‌ಟ್ರೇಟರ್ ಎಂಬ ಯಂತ್ರ ಅನಿಲವನ್ನು ತುಂಬಿಟ್ಟುಕೊಳ್ಳುವುದಿಲ್ಲ. ಕೋಣೆಯ ಗಾಳಿಯಲ್ಲಿ ಆಕ್ಸಿಜನ್ 21 ಪಾಲು, ಸಾರಜನಕ 78 ಪಾಲು. ಜಿಯೋಲೈಟ್ ಎಂಬ ಹರಳುಗಳು ಸಾರಜನಕವನ್ನು ಹಿಡಿದಿಟ್ಟು, 93ರ ಆಸುಪಾಸಿನ ಶುದ್ಧತೆಯ ಆಕ್ಸಿಜನ್ನನ್ನು ಹೊರಬಿಡುತ್ತವೆ. ಮನೆಯಲ್ಲಿಡುವ 5 ಲೀಟರಿನ ಯಂತ್ರ ಚಕ್ರಗಳ ಮೇಲೆ ಉರುಳುತ್ತದಾದರೂ ಭಾರ, ಸುಮಾರು 350 ವಾಟ್ ಕರೆಂಟ್ ಬೇಕು. ದಿನಕ್ಕೆ 15 ಗಂಟೆ ಓಡಿದರೆ ಐದು ಯೂನಿಟ್ ದಾಟುತ್ತದೆ, ತಿಂಗಳಿಗೆ 150ಕ್ಕೂ ಹೆಚ್ಚು. ಗೃಹಜ್ಯೋತಿಯ ಫಲಾನುಭವಿಗಳು ಇದನ್ನು ಮರೆಯಬಾರದು. ಉಚಿತದ ಮಿತಿ ಹಿಂದಿನ ಸರಾಸರಿ ಬಳಕೆಯ ಮೇಲೆ ನಿಂತಿದೆ, 200 ಯೂನಿಟ್ ದಾಟಿದ ತಿಂಗಳು ಪೂರ್ತಿ ಬಿಲ್ ಬರುತ್ತದೆ. ಮನೆಯ ಸಾಮಾನ್ಯ ಇನ್ವರ್ಟರ್ ಈ ಯಂತ್ರವನ್ನು ಮೂರು ಗಂಟೆಯ ಆಸುಪಾಸು ಎಳೆಯಬಹುದು. ಮಳೆಗಾಲದಲ್ಲಿ ದಿನಗಟ್ಟಲೆ ಕರೆಂಟ್ ಹೋಗುವ ಮಲೆನಾಡು, ಕರಾವಳಿಯ ಮನೆಗಳಲ್ಲಿ ತುಂಬಿದ ಸಿಲಿಂಡರ್ ಒಂದು ಇರಲೇಬೇಕು.

ಆಸ್ಪತ್ರೆಗಳಲ್ಲಿ ಬಳಸುವ ದ್ರವರೂಪದ ಆಕ್ಸಿಜನ್ ಕೆಲವು ದೇಶಗಳಲ್ಲಿ ಮನೆಗೂ ಬರುತ್ತದೆ. ನಮ್ಮಲ್ಲಿ ಅದು ಮನೆಯ ಮಟ್ಟಿಗೆ ಲೆಕ್ಕಕ್ಕಿಲ್ಲ. ಔಷಧ ಅಂಗಡಿಗಳಲ್ಲಿ ಡಬ್ಬಿಯಲ್ಲಿ ಸಿಗುವ ಆಕ್ಸಿಜನ್ನೂ ಅಷ್ಟೇ: 10 ಲೀಟರಿನ ಡಬ್ಬಿ 2 ಲೀಟರ್ ಹರಿವಿನಲ್ಲಿ ಐದು ನಿಮಿಷಕ್ಕೆ ಖಾಲಿ.

ಹೆಗಲಚೀಲದ ಯಂತ್ರ: ಅಂಕಿಯೇ ಲೀಟರಲ್ಲ

ಈಗ ಎಲ್ಲರೂ ಕೇಳುವುದು ಬ್ಯಾಟರಿಯಲ್ಲಿ ನಡೆಯುವ ಎರಡು ಮೂರು ಕಿಲೋ ತೂಕದ ಪೋರ್ಟಬಲ್ ಕಾನ್ಸನ್‌ಟ್ರೇಟರ್. ಬೆಲೆ ಮನೆಯ ಯಂತ್ರದ ಹಲವು ಪಟ್ಟು, ಲಕ್ಷ ದಾಟುವುದು ಸಾಮಾನ್ಯ. ಇದರ ಬಗ್ಗೆ ಒಂದು ವಿಷಯ ತಿಳಿಯದೆ ಕೊಳ್ಳುವವರೇ ಹೆಚ್ಚು. ಮನೆಯ ಯಂತ್ರದಂತೆ ಇದು ಸತತವಾಗಿ ಆಕ್ಸಿಜನ್ ಹರಿಸುವುದಿಲ್ಲ. ರೋಗಿ ಉಸಿರು ಎಳೆದಾಗ ಮಾತ್ರ ಒಂದು ಗುಟುಕು ಬಿಡುತ್ತದೆ. ಅದಕ್ಕೆ ಪಲ್ಸ್ ವಿಧಾನ ಎನ್ನುತ್ತಾರೆ. ಯಂತ್ರದ ಮೇಲಿನ 2 ಎಂಬ ಅಂಕಿ ನಿಮಿಷಕ್ಕೆ 2 ಲೀಟರ್ ಎಂದಲ್ಲ, ಬರೀ ಎರಡನೆಯ ಮಟ್ಟ. ಒಂದು ಕಂಪನಿಯ 2, ಇನ್ನೊಂದು ಕಂಪನಿಯ 2 ಒಂದೇ ಆಗಿರಬೇಕಿಲ್ಲ. ಇಂಥ ಚಿಕ್ಕ ಯಂತ್ರಗಳ ಪೂರ್ಣ ಸಾಮರ್ಥ್ಯವೇ ನಿಮಿಷಕ್ಕೆ ಒಂದು ಲೀಟರಿನ ಆಸುಪಾಸು. ಏದುಸಿರು ಜೋರಾಗಿ ಉಸಿರು ಮೇಲುಮೇಲಕ್ಕೆ ಬರುವಾಗ ಪ್ರತಿ ಗುಟುಕೂ ಸಣ್ಣದಾಗಬಹುದು. ನಿದ್ದೆಯಲ್ಲಿ ಬಾಯಿಂದ ಉಸಿರಾಡುವವರ ಉಸಿರನ್ನು ಯಂತ್ರ ಗುರುತಿಸದೆಯೂ ಇರಬಹುದು. ಆದ್ದರಿಂದ ರಾತ್ರಿಗೆ ಮನೆಯ ದೊಡ್ಡ ಯಂತ್ರವೇ ಇರಲಿ.

ನಾರುಗಟ್ಟಿದ ಶ್ವಾಸಕೋಶದವರಿಗೆ ನಡೆಯುವಾಗ ಹೆಚ್ಚು ಆಕ್ಸಿಜನ್ ಬೇಕಾಗುತ್ತದೆ. ಅವರಲ್ಲಿ ಹಲವರಿಗೆ ಈ ಚಿಕ್ಕ ಯಂತ್ರ ಸಾಲುವುದೇ ಇಲ್ಲ. ಸತತ ಹರಿವು ಕೊಡುವ ಪೋರ್ಟಬಲ್ ಯಂತ್ರಗಳೂ ಇವೆ, ಆದರೆ ಅವು ಎಳೆದೊಯ್ಯುವ ಗಾಲಿ ಪೆಟ್ಟಿಗೆಯಷ್ಟು ಭಾರ. ಹೀಗಾಗಿ ಕೊಳ್ಳುವ ಮೊದಲು, ಕೊಳ್ಳಲಿರುವ ಅದೇ ಯಂತ್ರವನ್ನು ಹೆಗಲಿಗೆ ಹಾಕಿಕೊಂಡು, ಬೆರಳಿಗೆ ಮೀಟರ್ ಹಾಕಿ, ಆಸ್ಪತ್ರೆಯಲ್ಲಿ ಆರು ನಿಮಿಷ ನಡೆದು ನೋಡಬೇಕು. ನಡೆದಾಗಲೂ 88ರ ಮೇಲೆ ನಿಂತರೆ ಕೊಳ್ಳಬಹುದು. ಇಷ್ಟಕ್ಕೆ ಒಪ್ಪದ ವ್ಯಾಪಾರಿಯ ಬಳಿ ಕೊಳ್ಳದಿರುವುದೇ ವಾಸಿ. ಒಂದು ತಿಂಗಳು ಬಾಡಿಗೆಗೆ ಪಡೆದು ನೋಡುವುದು ಇನ್ನೂ ಜಾಣತನ. "1ರಿಂದ 7 ಲೀಟರ್" ಎಂದು ಆನ್‌ಲೈನಿನಲ್ಲಿ ಅಗ್ಗಕ್ಕೆ ಮಾರುವ ಯಂತ್ರಗಳಲ್ಲಿ ಹರಿವು ಹೆಚ್ಚಿಸಿದಂತೆ ಶುದ್ಧತೆ 30ರವರೆಗೂ ಇಳಿಯುವುದುಂಟು. ಕೋಣೆಯ ಗಾಳಿಗಿಂತ ಅದು ಹೆಚ್ಚೇನಲ್ಲ.

ಹರಿವನ್ನು ಮನೆಯವರು ತಾವೇ ಏರಿಸಬಾರದು. ಸಿಒಪಿಡಿ ಇರುವ ಕೆಲವರಲ್ಲಿ ಆಕ್ಸಿಜನ್ ಅತಿಯಾದರೆ ರಕ್ತದಲ್ಲಿ ಇಂಗಾಲದ ಡೈಆಕ್ಸೈಡ್ ಏರುತ್ತದೆ. ಬೆಳಗ್ಗೆ ತಲೆನೋವು, ಎಬ್ಬಿಸಿದರೂ ಎಚ್ಚರವಾಗದ ಮಂಪರು, ತೊದಲು ಮಾತು ಅದರ ಗುರುತು. ಇಂಥವರಿಗೆ ವೈದ್ಯರು 88ರಿಂದ 92ರ ಗುರಿ ಇಡುವುದು ಈ ಕಾರಣಕ್ಕೆ. 92 ತೋರಿಸುತ್ತಿದ್ದರೆ ಅದನ್ನು 98 ಮಾಡಬೇಕೆಂಬ ಹಟ ಬೇಡ. ಮಂಪರು ಕಂಡರೆ 108ಕ್ಕೆ ಕರೆ ಮಾಡಬೇಕು.

ದೀಪ, ಧೂಪ, ನೀರು, ಉಪವಾಸ

ಆಕ್ಸಿಜನ್ ತಾನಾಗಿ ಉರಿಯುವುದಿಲ್ಲ, ಆದರೆ ಉರಿಯುವುದನ್ನು ಭುಗಿಲೆಬ್ಬಿಸುತ್ತದೆ. ಮೂಗಿಗೆ ನಳಿಕೆ ಹಾಕಿಕೊಂಡವರ ಸೆರಗು, ಶಾಲು, ಕೂದಲಿನಲ್ಲಿ ಆಕ್ಸಿಜನ್ ತುಂಬಿಕೊಂಡಿರುತ್ತದೆ. ಆರತಿ ತಟ್ಟೆಯ ಮೇಲೆ ಬಗ್ಗಿ ಕೈ ಒಡ್ಡುವುದು, ನಂದಾದೀಪಕ್ಕೆ ತಾವೇ ಎಣ್ಣೆ ಹಾಕುವುದು, ಧೂಪ ಹಾಕುವುದು ಇವರಿಗೆ ಸಲ್ಲದು. ದೀಪದಿಂದ ಮೂರು ಮೀಟರ್ ದೂರ ನಿಂತು ದರ್ಶನ ಮಾಡಬಹುದು, ಅಭಿಷೇಕವನ್ನು ನವರಂಗದಲ್ಲಿ ಕುಳಿತೇ ನೋಡಬಹುದು. ಮನೆಯ ದೇವರ ಕೋಣೆಯಲ್ಲೂ ಇದೇ ನಿಯಮ. ಊದುಬತ್ತಿಯ ಹೊಗೆಯಂತೂ ಆಕ್ಸಿಜನ್ ಇರಲಿ ಬಿಡಲಿ ಈ ಕಾಯಿಲೆಗೆ ಕೆಟ್ಟದ್ದು. ತುಟಿ, ಮೂಗು ಒಣಗಿದರೆ ಎಣ್ಣೆ, ತುಪ್ಪ, ವ್ಯಾಸಲೀನ್ ಸವರಬಾರದು. ನೀರಿನಿಂದ ತಯಾರಾದ ಜೆಲ್ ಸಾಕು. ಸಿಲಿಂಡರಿನ ಕೀಲಿಗೂ ಎಣ್ಣೆ ಮುಟ್ಟಿಸಬಾರದು.

ಯಂತ್ರಕ್ಕೆ ತೇವಾಂಶದ ಬಾಟಲಿ ಇದ್ದರೆ ಅದಕ್ಕೆ ಹಾಕಬೇಕಾದದ್ದು ಡಿಸ್ಟಿಲ್ಡ್ ನೀರು ಅಥವಾ ಕುದಿಸಿ ಆರಿಸಿದ ನೀರು. ಬಟ್ಟೆಯಲ್ಲಿ ಸೋಸಿದ ನೀರು ಸಾಲದು. ಕುದಿಸಿದ ನೀರಿನ ಮರ್ಯಾದೆ 24 ಗಂಟೆ ಎಂಬ ರೂಢಿ ನಮ್ಮ ಮನೆಗಳಲ್ಲಿ ಇದ್ದೇ ಇದೆ. ಬಾಟಲಿಯ ನೀರನ್ನು ದಿನವೂ ಚೆಲ್ಲಿ ತೊಳೆದು ಬದಲಿಸಬೇಕೆಂದು ವೈದ್ಯರು ಹೇಳುವುದೂ ಅದಕ್ಕೆ ಹೊಂದುತ್ತದೆ.

ದಶಲಕ್ಷಣ, ಪರ್ಯೂಷಣದ ದಿನಗಳಲ್ಲಿ ಆಕ್ಸಿಜನ್ ಬಿಟ್ಟು ಕೂರುವ ಹಿರಿಯರಿದ್ದಾರೆ. ಅದು ಅನ್ನವೂ ಅಲ್ಲ, ನೀರೂ ಅಲ್ಲ, ಅದೇ ಕೋಣೆಯ ಗಾಳಿ. ವ್ರತದ ಬಗ್ಗೆ ಸಂಶಯವಿದ್ದರೆ ಮುನಿಗಳನ್ನೋ ಸ್ವಾಮೀಜಿಯವರನ್ನೋ ಮೊದಲೇ ಕೇಳಬಹುದು, ಗಂಟೆಗಳನ್ನು ತಾವಾಗಿ ಕಡಿತ ಮಾಡುವುದು ಬೇಡ. ನೀರನ್ನೂ ಬಿಡುವ ಉಪವಾಸದಲ್ಲಿ ಕಫ ಗಟ್ಟಿಯಾಗುತ್ತದೆ ಎಂಬುದನ್ನೂ ವೈದ್ಯರ ಜೊತೆ ಮಾತಾಡಿಕೊಂಡಿರಬೇಕು. ಸಾಮಾಯಿಕಕ್ಕೆ ಯಂತ್ರದ ಶಬ್ದ ಅಡ್ಡಿ ಎನಿಸಿದರೆ ಯಂತ್ರವನ್ನು ಪಕ್ಕದ ಕೋಣೆಯಲ್ಲಿಟ್ಟು ಉದ್ದದ ಕೊಳವೆ ಎಳೆದುಕೊಂಡರಾಯಿತು.

ಯಾತ್ರೆಗೆ ಹೊರಟಾಗ

ಮೂಡುಬಿದಿರೆಯ ಸಾವಿರ ಕಂಬದ ಬಸದಿಗೆ ಬೆಟ್ಟ ಹತ್ತಬೇಕಿಲ್ಲ. ಶ್ರವಣಬೆಳಗೊಳದ ವಿಂಧ್ಯಗಿರಿಗೆ ಸುಮಾರು 650 ಮೆಟ್ಟಿಲು. ಆಕ್ಸಿಜನ್ ಹಾಕಿಕೊಂಡಿದ್ದರೂ ಇದನ್ನು ನಡೆದು ಹತ್ತುವ ಸಾಹಸ ಬೇಡ, ಡೋಲಿ ಇದೆ. ಸಮ್ಮೇದ ಶಿಖರಜಿಯ ಮಾತೇ ಬೇರೆ. ಪಾರಸನಾಥ ಬೆಟ್ಟ ಸಮುದ್ರಮಟ್ಟದಿಂದ ಸುಮಾರು 1,365 ಮೀಟರ್ ಎತ್ತರ, ವಂದನೆ ಮುಗಿಸಿ ಬರಲು 27 ಕಿಲೋಮೀಟರ್. ಡೋಲಿಯಲ್ಲಿ ಹೋದರೂ ದಿನದ ಬಹುಪಾಲು ಹಿಡಿಯುತ್ತದೆ, ದಾರಿಯಲ್ಲಿ ಚಾರ್ಜ್ ಮಾಡುವ ಅನುಕೂಲ ನಂಬುವಂತಿಲ್ಲ. ನಾಲ್ಕು ಗಂಟೆ ಬಾಳುವ ಒಂದೇ ಬ್ಯಾಟರಿ ಹಿಡಿದು ಹೊರಟವರು ಅರ್ಧದಾರಿಯಲ್ಲಿ ಸಿಕ್ಕಿಬೀಳುತ್ತಾರೆ. ಮಟ್ಟ ಏರಿಸಿದಷ್ಟೂ ಬ್ಯಾಟರಿ ಬೇಗ ಮುಗಿಯುತ್ತದೆ ಎಂಬುದೂ ಲೆಕ್ಕದಲ್ಲಿರಲಿ.

ವಿಮಾನದ ಒಳಗಿನ ಗಾಳಿ ಸುಮಾರು 2,400 ಮೀಟರ್ ಎತ್ತರದ ಬೆಟ್ಟದ ಮೇಲಿನಷ್ಟು ತೆಳುವಾಗಬಹುದು. ನೆಲದ ಮೇಲೆ ಸರಿಯಾಗಿದ್ದವರಿಗೂ ಅಲ್ಲಿ ಆಕ್ಸಿಜನ್ ಬೇಕಾಗಬಹುದು. ಸ್ವಂತ ಸಿಲಿಂಡರಿಗೆ ವಿಮಾನ ಸಂಸ್ಥೆಗಳು ಸಾಮಾನ್ಯವಾಗಿ ಒಪ್ಪುವುದಿಲ್ಲ. ಮಾನ್ಯತೆ ಇರುವ ಪೋರ್ಟಬಲ್ ಯಂತ್ರಕ್ಕೆ ಒಪ್ಪುತ್ತವೆ, ಅದಕ್ಕೆ ವೈದ್ಯರು ತುಂಬಿದ ಅರ್ಜಿಯನ್ನು ಪ್ರಯಾಣಕ್ಕೆ ಕೆಲವು ದಿನ ಮೊದಲೇ ಕೊಡಬೇಕು. ಪ್ರಯಾಣದ ಅವಧಿಯ ಒಂದೂವರೆ ಪಟ್ಟು ಬ್ಯಾಟರಿ ಇರಬೇಕೆಂದು ಹಲವು ಸಂಸ್ಥೆಗಳು ಕೇಳುತ್ತವೆ. ಹೆಚ್ಚುವರಿ ಬ್ಯಾಟರಿ ಕೈಚೀಲದಲ್ಲೇ ಇರಬೇಕು. ರೈಲಿನ ಮೊಬೈಲ್ ಚಾರ್ಜಿಂಗ್ ಪ್ಲಗ್ಗಿಗೆ ಮನೆಯ ದೊಡ್ಡ ಯಂತ್ರ ಸಿಕ್ಕಿಸುವ ಯೋಚನೆ ಬೇಡ. ಕಾರಿನಲ್ಲಾದರೆ ಸಿಲಿಂಡರ್ ಉರುಳದಂತೆ ಬೆಲ್ಟ್ ಕಟ್ಟಿ, ಕಿಟಕಿ ಸ್ವಲ್ಪ ತೆರೆದಿಟ್ಟು, ಬಿಸಿಲಿನಲ್ಲಿ ನಿಲ್ಲಿಸಿದ ಕಾರಿನೊಳಗೆ ಅದನ್ನು ಬಿಡದೆ ನೋಡಿಕೊಳ್ಳಬೇಕು.

2021ರ ಕೋವಿಡ್ ಅಲೆಯಲ್ಲಿ ಅನೇಕ ಜೈನ ಸಂಘ, ಟ್ರಸ್ಟುಗಳು ಕಾನ್ಸನ್‌ಟ್ರೇಟರ್‌ಗಳನ್ನು ಕೊಂಡು ಜನರಿಗೆ ಕೊಟ್ಟವು. ಅವುಗಳಲ್ಲಿ ಕೆಲವು ಈಗ ಸಭಾಭವನದ ಕಪಾಟಿನಲ್ಲಿ ಕುಳಿತಿರಬಹುದು. ಖರೀದಿಗೆ ಮೊದಲು ಊರಿನ ಸಂಘವನ್ನು ವಿಚಾರಿಸುವುದು ಒಳ್ಳೆಯದು. ಆದರೆ ವರ್ಷಗಟ್ಟಲೆ ಓಡದೆ ನಿಂತ ಯಂತ್ರದ ಜಿಯೋಲೈಟ್ ತೇವ ಹೀರಿ ಕೆಟ್ಟಿರಬಹುದು. ದೀಪ ಉರಿಯುತ್ತದೆ, ಗಾಳಿ ಬರುತ್ತದೆ, ಆದರೆ ಬರುವ ಗಾಳಿಯಲ್ಲಿ ಆಕ್ಸಿಜನ್ ಎಷ್ಟು ಎಂಬುದು ಕಣ್ಣಿಗೆ ಕಾಣುವುದಿಲ್ಲ. ತಂತ್ರಜ್ಞರನ್ನು ಕರೆಸಿ ಆಕ್ಸಿಜನ್ ಅನಲೈಸರ್‌ನಲ್ಲಿ ಅಳೆಸಿ, ಫಿಲ್ಟರ್ ಬದಲಿಸಿ, ಹೊಸ ಮೂಗಿನ ನಳಿಕೆ ಹಾಕಿದ ಮೇಲೆಯೇ ಅದನ್ನು ರೋಗಿಗೆ ಕೊಡಬೇಕು. ಸಂಘದವರು ಬಳಕೆಯಲ್ಲಿಲ್ಲದ ಯಂತ್ರಗಳನ್ನು ತಿಂಗಳಿಗೊಮ್ಮೆ ಒಂದು ಗಂಟೆ ಓಡಿಸಿಟ್ಟರೆ ಅವು ಬೇಕಾದ ದಿನ ಕೈಕೊಡುವ ಸಾಧ್ಯತೆ ಕಡಿಮೆ.