ಮೇಲ್ಮನವಿಯ ಮೂವತ್ತು ದಿನಗಳು

ಮೇಲ್ಮನವಿ ಎಂಬ ಕಲ್ಪನೆಯನ್ನು ಆಂಗ್ಲರೇ ನಮಗೆ ತಂದುಕೊಟ್ಟರೆಂದು ಭಾವಿಸುವವರುಂಟು. ಆದರೆ ಕಲ್ಯಾಣದಲ್ಲಿ ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ 'ಮಿತಾಕ್ಷರಾ' ವ್ಯಾಖ್ಯಾನವನ್ನು ಬರೆದ ವಿಜ್ಞಾನೇಶ್ವರನು ಕುಲ, ಶ್ರೇಣಿ, ಪೂಗ, ಅರಸನು ನೇಮಿಸಿದ ಸಭೆ ಎಂದು ನ್ಯಾಯಸ್ಥಾನಗಳನ್ನು ಕ್ರಮವಾಗಿ ಏರಿಸಿ, ಕೆಳಗಿನ ತೀರ್ಪು ಒಪ್ಪಿಗೆಯಾಗದಿದ್ದರೆ ಮೇಲಿನದನ್ನು ಆಶ್ರಯಿಸಬಹುದೆಂದು ವಿವರಿಸಿದ್ದಾನೆ. ಗಂಡಹೆಂಡಿರ ವ್ಯಾಜ್ಯ ಸಭೆಯನ್ನೇರುವುದನ್ನು ಮಾತ್ರ ಅಂದಿನ ಧರ್ಮಶಾಸ್ತ್ರಕಾರರು ಮೆಚ್ಚಲಿಲ್ಲ. ಮನೆಯೊಳಗಿನ ಹಿಂಸೆಗೆಂದೇ ನಮ್ಮಲ್ಲಿ ಪ್ರತ್ಯೇಕ ಶಾಸನವೊಂದು ಬಂದದ್ದು 2005ರಲ್ಲಿ. ಕೌಟುಂಬಿಕ ದೌರ್ಜನ್ಯದಿಂದ ಮಹಿಳೆಯರ ಸಂರಕ್ಷಣಾ ಕಾಯ್ದೆ ಜಾರಿಯಾದದ್ದು 2006ರ ಅಕ್ಟೋಬರ್ 26ರಂದು.

ನಾನು ಕನ್ನಡ ಪಾಠ ಹೇಳಿ ನಿವೃತ್ತನಾದವನು, ವಕೀಲನಲ್ಲ. ಆದರೂ ನಂಜನಗೂಡು, ತಿರುಮಕೂಡಲು ನರಸೀಪುರಗಳ ಕಡೆಯ ಪರಿಚಿತರು ಆದೇಶದ ಪ್ರತಿಯನ್ನು ಹಿಡಿದು ಬಂದು, "ಮೇಷ್ಟ್ರೇ, ಇದು ಇಲ್ಲಿಗೇ ಮುಗಿಯಿತೆ?" ಎಂದು ಕೇಳುವುದುಂಟು. ಆ ಪ್ರಶ್ನೆಗೆ ಕಾಯ್ದೆಯಲ್ಲಿರುವ ಉತ್ತರವನ್ನು ಇಲ್ಲಿ ಹೇಳಬಯಸುತ್ತೇನೆ.

ಒಂದು ಉದಾಹರಣೆಯನ್ನು ಕಲ್ಪಿಸಿಕೊಳ್ಳೋಣ. ಗಂಡ ನಂಜನಗೂಡಿನ ಕಾರ್ಖಾನೆಯೊಂದರ ನೌಕರ. ಹೊಡೆತ ತಾಳಲಾರದ ಹೆಂಡತಿ ನರಸೀಪುರದ ತವರಿಗೆ ಬಂದಿದ್ದಾಳೆ. ತಾತ್ಕಾಲಿಕವಾಗಿ ನೆಲೆಸಿದ ಊರಿನಲ್ಲೂ ಅರ್ಜಿ ಹಾಕಬಹುದಾದ್ದರಿಂದ ಆಕೆ ಅಲ್ಲಿಯ ಮ್ಯಾಜಿಸ್ಟ್ರೇಟರ ಮೊರೆಹೋಗುತ್ತಾಳೆ. ಅವರು ರಕ್ಷಣೆ, ವಾಸದ ಹಕ್ಕು, ಜೀವನಾಂಶ, ಮಕ್ಕಳ ಸುಪರ್ದು, ಪರಿಹಾರ ಇವುಗಳ ಬಗ್ಗೆ ಆದೇಶ ನೀಡಬಹುದು. ಹಣವನ್ನು ಗಂಡನ ಸಂಬಳದಿಂದಲೇ ನೇರವಾಗಿ ಕೊಡುವಂತೆ ಕಾರ್ಖಾನೆಗೆ ಸೂಚಿಸಲೂಬಹುದು.

ಈ ಆದೇಶ ಒಪ್ಪಿಗೆಯಾಗದವರು 29ನೆಯ ಪ್ರಕರಣದ ಮೇರೆಗೆ ಸೆಷನ್ಸ್ ನ್ಯಾಯಾಲಯಕ್ಕೆ ಮೇಲ್ಮನವಿ ಸಲ್ಲಿಸಬಹುದು. ಅವಧಿ 30 ದಿನ. ಲೆಕ್ಕ ಹಿಡಿಯಬೇಕಾದದ್ದು ಆದೇಶ ಹೊರಬಿದ್ದ ದಿನದಿಂದಲ್ಲ. ಇಬ್ಬರಿಗೂ ಅದು ತಲುಪಿದ ದಿನಗಳಲ್ಲಿ ಯಾವುದು ತಡವೋ ಅದರಿಂದ. ಈ ಹಕ್ಕು ಗಂಡನಿಗಷ್ಟೇ ಅಲ್ಲ. ಅರ್ಜಿ ವಜಾ ಆದವಳೂ, ಜೀವನಾಂಶ ತೀರ ಕಡಿಮೆಯಾಯಿತೆನ್ನುವವಳೂ ಇದೇ ಬಾಗಿಲನ್ನು ತಟ್ಟಬಹುದು. ಇದನ್ನರಿಯದೆ ಎಷ್ಟೋ ಹೆಣ್ಣುಮಕ್ಕಳು ಸಿಕ್ಕಿದ್ದೇ ಸಾಕೆಂದು ಸುಮ್ಮನಾಗುತ್ತಾರೆ.

ಮೇಲ್ಮನವಿ ಸಲ್ಲಿಸಿದ ಮಾತ್ರಕ್ಕೆ ಕೆಳಗಿನ ಆದೇಶ ನಿಂತುಹೋಗುವುದಿಲ್ಲ. ಸೆಷನ್ಸ್ ನ್ಯಾಯಾಲಯ ತಡೆಯಾಜ್ಞೆ ಕೊಡುವವರೆಗೂ ಅದು ಜೀವಂತ. "ಅಪೀಲು ಹಾಕಿದ್ದೇನೆ" ಎನ್ನುತ್ತ ಮತ್ತೆ ಹೆಂಡತಿಯ ಮನೆಯ ಮುಂದೆ ಗದ್ದಲ ಮಾಡಿದವನು ರಕ್ಷಣಾ ಆದೇಶವನ್ನು ಮುರಿದಂತೆಯೇ. ಅದಕ್ಕೆ ಒಂದು ವರ್ಷದವರೆಗೆ ಸೆರೆವಾಸ, 20,000 ರೂಪಾಯಿವರೆಗೆ ದಂಡ, ಅಥವಾ ಎರಡೂ ವಿಧಿಸಬಹುದು.

ಇನ್ನೊಂದು ದಾರಿ 25ನೆಯ ಪ್ರಕರಣದ್ದು. ಪರಿಸ್ಥಿತಿ ಬದಲಾಗಿದ್ದರೆ ಆದೇಶವನ್ನು ಮಾರ್ಪಡಿಸುವಂತೆ, ಇಲ್ಲವೆ ರದ್ದುಮಾಡುವಂತೆ ಮ್ಯಾಜಿಸ್ಟ್ರೇಟರನ್ನೇ ಕೋರಬಹುದು. ಇವೆರಡನ್ನೂ ಒಂದೇ ಎಂದು ಬಗೆಯಬಾರದು. ಆದೇಶ ಅಂದೇ ತಪ್ಪಾಗಿತ್ತೆಂಬುದು ಮೇಲ್ಮನವಿಯ ವಾದ. ಅಂದು ಸರಿಯಿದ್ದದ್ದು ಇಂದಿನ ಸ್ಥಿತಿಗೆ ಹೊಂದದೆಂಬುದು ಮಾರ್ಪಾಟಿನ ವಾದ. ನಮ್ಮ ರಾಜ್ಯದ್ದೇ ಒಂದು ಮೊಕದ್ದಮೆಯಲ್ಲಿ ಹೆಂಡತಿಗೆ ತಿಂಗಳಿಗೆ 12,000 ರೂಪಾಯಿ ಜೀವನಾಂಶ, ಒಂದು ಲಕ್ಷ ರೂಪಾಯಿ ಪರಿಹಾರ 2015ರಲ್ಲಿ ಮಂಜೂರಾಗಿತ್ತು. ಆಮೇಲೆ ಗಂಡ 25ನೆಯ ಪ್ರಕರಣವನ್ನು ಹಿಡಿದು, ಕೊಟ್ಟ ಹಣವೇ ಹಿಂದಿರುಗಬೇಕೆಂದು ಕೇಳಿದ. 2024ರ ಸೆಪ್ಟೆಂಬರಿನಲ್ಲಿ ಸರ್ವೋಚ್ಚ ನ್ಯಾಯಾಲಯ ಅದನ್ನು ಒಪ್ಪಲಿಲ್ಲ. ಬದಲಾವಣೆ ಆದೇಶದ ನಂತರ ಆದದ್ದಾಗಿರಬೇಕು, ಮಾರ್ಪಾಟು ಮುಂದಿನ ದಿನಗಳಿಗೆ ಮಾತ್ರ ಅನ್ವಯಿಸುತ್ತದೆ ಎಂದು ಅದು ಸ್ಪಷ್ಟಪಡಿಸಿತು. ತಿಂದ ಅನ್ನದ ಲೆಕ್ಕವನ್ನು ಮತ್ತೆ ಕೇಳುವಂತಿಲ್ಲವೆಂದು ನಾವು ಇದನ್ನು ಅರ್ಥಮಾಡಿಕೊಳ್ಳಬಹುದು.

ಸೆಷನ್ಸ್ ತೀರ್ಪಿನ ಮೇಲೆ ಬೆಂಗಳೂರಿನ ಉಚ್ಚ ನ್ಯಾಯಾಲಯಕ್ಕೆ ಪುನರೀಕ್ಷಣಾ ಅರ್ಜಿ ಸಲ್ಲಿಸಲು 90 ದಿನಗಳುಂಟು. ಅಲ್ಲಿ ನೋಡುವುದು ಮುಖ್ಯವಾಗಿ ತೀರ್ಪು ಕಾನೂನುಬದ್ಧವೇ ಎಂಬುದನ್ನು. ಸಾಕ್ಷ್ಯವನ್ನು ಮತ್ತೆ ಮೊದಲಿನಿಂದ ತೂಗಿನೋಡುವ ರೂಢಿಯಿಲ್ಲ. ಆದ್ದರಿಂದ ಹೇಳಬೇಕಾದದ್ದನ್ನೆಲ್ಲ ಮೊದಲ ಮೇಲ್ಮನವಿಯಲ್ಲೇ ಹೇಳಿರಬೇಕು.

ಖರ್ಚಿಗೆ ಅಂಜಬೇಕಾದ ಕಾರಣ ಹೆಂಗಸರಿಗಿಲ್ಲ. ಆದೇಶದ ಪ್ರತಿಯನ್ನು ಉಭಯ ಪಕ್ಷಗಳಿಗೂ ಉಚಿತವಾಗಿ ಕೊಡಬೇಕೆಂದು ಕಾಯ್ದೆಯೇ ವಿಧಿಸಿದೆ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಂತೆ, ವರಮಾನವೆಷ್ಟೇ ಇರಲಿ, ಮಹಿಳೆಗೆ ಉಚಿತ ವಕೀಲರ ನೆರವು ದೊರೆಯಬೇಕು. ಅದಕ್ಕಾಗಿ ತಾಲ್ಲೂಕು ಕಾನೂನು ಸೇವಾ ಸಮಿತಿಯನ್ನು ಕಾಣಬಹುದು, ಇಲ್ಲವೆ 15100ಕ್ಕೆ ದೂರವಾಣಿ ಮಾಡಬಹುದು.

ಕೇಳುಗರೇ, ನೆರೆಮನೆಯವರು ಇಂಥದೊಂದು ಕಾಗದವನ್ನು ತಂದು ತೋರಿಸಿದರೆ, ಅದು ಎಂದು ಕೈಸೇರಿತೆಂದು ಮೊದಲು ಕೇಳಿ, ಆ ದಿನಾಂಕವನ್ನು ಅದರ ಮೇಲೆಯೇ ಬರೆದಿಡಿ. ಹಿತವಚನಗಳೆಲ್ಲ ಅದರ ಅನಂತರ.