ಕುಳಿತು ಲೆಕ್ಕ ಹಾಕಿದವನ ಮನೆ

ಪಾಸ್ಖ ಹಬ್ಬದ ನಂತರ ಧರ್ಮಕೇಂದ್ರದ ಮನೆಗಳಿಗೆ ಹೋಗಿ ಪವಿತ್ರ ಜಲವನ್ನು ಪ್ರೋಕ್ಷಿಸಿ ಆಶೀರ್ವದಿಸುವುದು ನಮ್ಮಲ್ಲಿ ಹಿಂದಿನಿಂದ ನಡೆದುಬಂದ ವಾಡಿಕೆ. ಹಾಗೆ ಹೋದಾಗ ಇಳಕಲ್ಲ ತಾಲ್ಲೂಕಿನ ಗುಡೂರಿನಲ್ಲಿ ನೇಕಾರ ಕುಟುಂಬವೊಂದರ ಮನೆಗೆ ಕಾಲಿಟ್ಟೆವು. ಮುಂದಿನ ಪಡಸಾಲೆಯಲ್ಲಿ ಮಗ್ಗ, ಒಳಗೆ ಎರಡು ಕೋಣೆ, ಮೇಲೆ ಆರ್‌ಸಿಸಿ ಛಾವಣಿ. ಮನೆ ಕಟ್ಟಿ ನಾಲ್ಕು ವರ್ಷವಾಗಿತ್ತು. ತಂದೆ ನೇಯುತ್ತಾರೆ, ಮಗ ಖಾಸಗಿ ಶಾಲೆಯಲ್ಲಿ ಶಿಕ್ಷಕ, ಸೊಸೆ ಮನೆಗೆಲಸದ ನಡುವೆ ಕಂಡಿಕೆ ಸುತ್ತುತ್ತಾಳೆ, ಮೊಮ್ಮಗಳು ನಾಲ್ಕನೆಯ ತರಗತಿ. ಪ್ರಾರ್ಥನೆ ಮುಗಿದು ಚಹಾ ಬರುವಷ್ಟರಲ್ಲಿ ಮಗ ಬ್ಯಾಂಕಿನ ಕಡತವೊಂದನ್ನು ತಂದು ನಮ್ಮ ಮುಂದಿಟ್ಟನು.

‘ಫಾದರ್, ನಾಕ ವರ್ಷ ಒಂದೂ ಕಂತು ತಪ್ಪಿಸಿಲ್ರಿ. ಹೆಚ್ಚೂಕಡಿಮಿ ನಾಕ ಲಕ್ಷ ಸಾಲ ಹರದಿರಬೇಕ್ರಿ. ಒಂದೀಟು ನೋಡ್ರಿ’ ಎಂದನು.

ನೋಡಿದೆವು. ನೋಡಿದ್ದನ್ನು ಹೇಳಲು ನಮಗೆ ಬಾಯಿ ಬರಲಿಲ್ಲ.

ಆ ಮನೆಯ ನಿಜವಾದ ಅಂಕಿಗಳನ್ನು ಪತ್ರಿಕೆಯಲ್ಲಿ ಬರೆಯುವುದು ಸಲ್ಲದು. ಅದೇ ಗಾತ್ರದ ದುಂಡು ಲೆಕ್ಕವೊಂದನ್ನು, ಬಡ್ಡಿದರ ಏರಿಳಿಯಲಿಲ್ಲವೆಂದೇ ಹಿಡಿದು, ಇಲ್ಲಿ ಕೊಡುತ್ತೇವೆ. ಸಾಲ 10 ಲಕ್ಷ ರೂಪಾಯಿ, ಬಡ್ಡಿ ವರ್ಷಕ್ಕೆ ಶೇಕಡಾ 9, ಅವಧಿ 30 ವರ್ಷ. ತಿಂಗಳ ಕಂತು 8,046 ರೂಪಾಯಿ. ಮೊದಲ ತಿಂಗಳ ಬಡ್ಡಿಯೇ 7,500 ರೂಪಾಯಿ. ಅಸಲಿಗೆ ಸಂದಾಯವಾಗುವುದು ಉಳಿದ 546 ರೂಪಾಯಿ ಮಾತ್ರ. ನಾಲ್ಕು ವರ್ಷಗಳಲ್ಲಿ ಕಟ್ಟಿದ ಹಣ 3,86,000 ರೂಪಾಯಿಗೂ ಹೆಚ್ಚು. ಅಸಲಿನಲ್ಲಿ ಕಡಿಮೆಯಾದದ್ದು ಸುಮಾರು 31,400 ರೂಪಾಯಿ. ಇನ್ನೂ 9,68,600 ರೂಪಾಯಿ ಬಾಕಿ. ಅಸಲು ಅರ್ಧಕ್ಕೆ ಇಳಿಯಬೇಕಾದರೆ ಸಾಲ ತೆಗೆದ ದಿನದಿಂದ 23 ವರ್ಷಗಳು ಕಳೆಯಬೇಕು. ಅಷ್ಟರಲ್ಲಿ ಈ ನಾಲ್ಕನೆಯ ತರಗತಿಯ ಹುಡುಗಿಯ ಓದು ಮುಗಿದು, ಮದುವೆಯೂ ಆಗಿರುತ್ತದೆ.

ಇದರಲ್ಲಿ ಮೋಸವೇನೂ ಇಲ್ಲ. ಬಡ್ಡಿಯನ್ನು ಉಳಿದ ಅಸಲಿನ ಮೇಲೆ ಪ್ರತಿ ತಿಂಗಳೂ ಎಣಿಸುತ್ತಾರೆ. ಮೊದಲ ವರ್ಷಗಳಲ್ಲಿ ಅಸಲು ದೊಡ್ಡದಿರುವುದರಿಂದ ಬಡ್ಡಿಯೂ ದೊಡ್ಡದು. ಕಂತು ಮೊದಲು ಬಡ್ಡಿಯ ಹೊಟ್ಟೆ ತುಂಬಿಸಿ, ಮಿಕ್ಕದ್ದನ್ನು ಅಸಲಿಗೆ ಕೊಡುತ್ತದೆ. ನಿಯಮ ಇಷ್ಟೇ. ಆದರೆ ಸಾಲ ತೆಗೆಯುವ ದಿನ ನಮ್ಮ ಜನ ಕೇಳುವ ಪ್ರಶ್ನೆ ಒಂದೇ: ‘ತಿಂಗಳಿಗೆ ಎಷ್ಟು ಬೀಳುತ್ತದೆ?’ ಕಂತು ಭಾರವೆನಿಸಿದರೆ ‘ಅವಧಿ ಹೆಚ್ಚಿಸೋಣ’ ಎಂಬ ಉತ್ತರ ಸಿದ್ಧವಾಗಿರುತ್ತದೆ. ಅವಧಿ ಹೆಚ್ಚಾದುದರ ಬೆಲೆಯನ್ನು ಮಾತ್ರ ಯಾರೂ ಕೇಳುವುದಿಲ್ಲ.

ಅದೇ 10 ಲಕ್ಷವನ್ನು ಅದೇ ಬಡ್ಡಿಗೆ 15 ವರ್ಷದ ಅವಧಿಗೆ ತೆಗೆದರೆ ಕಂತು 10,143 ರೂಪಾಯಿ, ಒಟ್ಟು ಕಟ್ಟುವುದು ಸುಮಾರು 18,25,700. 20 ವರ್ಷಕ್ಕಾದರೆ ಕಂತು 8,997, ಒಟ್ಟು ಸುಮಾರು 21,59,300. 30 ವರ್ಷಕ್ಕೆ ಕಂತು 8,046, ಒಟ್ಟು ಸುಮಾರು 28,96,600. ಇಪ್ಪತ್ತರಿಂದ ಮೂವತ್ತಕ್ಕೆ ಹೋದಾಗ ತಿಂಗಳಿಗೆ ಉಳಿಯುವುದು 951 ರೂಪಾಯಿ. ಆ 951ಕ್ಕಾಗಿ ತೆರುವ ಹೆಚ್ಚಿನ ಹಣ 7,37,000ಕ್ಕೂ ಮೇಲೆ. ಗುಡೂರಿನ ಆ ಕುಟುಂಬ ಮಾಡಿಕೊಂಡದ್ದು ಈ ವ್ಯಾಪಾರವನ್ನೇ. ಹಾಸು ಹೂಡುವ ಮೊದಲು ಎಳೆ ಎಳೆಯನ್ನೂ ಎಣಿಸುವ ಮನೆತನ ಅದು ಎಂಬುದನ್ನು ಓದುಗರು ನೆನಪಿಡಬೇಕು. ಎಣಿಕೆ ಬಾರದವರಲ್ಲ, ಏನನ್ನು ಎಣಿಸಬೇಕೆಂದು ಅವರಿಗೆ ಯಾರೂ ಹೇಳಿರಲಿಲ್ಲ.

ನಾವೂ ಹೇಳಿರಲಿಲ್ಲ. ಗುರುಮಠದಲ್ಲಿ ನಮಗೆ ಅರಿಸ್ಟಾಟಲನನ್ನೂ ಸಂತ ಥಾಮಸ್ ಅಕ್ವಿನಾಸರನ್ನೂ ವರ್ಷಗಟ್ಟಲೆ ಓದಿಸಿದರು. ಕಂತಿನ ಲೆಕ್ಕವನ್ನು ಒಂದು ಗಂಟೆಯೂ ಕಲಿಸಲಿಲ್ಲ. ಆದರೂ ಆ ಹಳೆಯ ಪಾಠ ನಿರುಪಯುಕ್ತವಲ್ಲ. ದ್ರಾಕ್ಷಾರಸಕ್ಕೂ ಅದನ್ನು ಕುಡಿಯುವುದಕ್ಕೂ ಬೇರೆ ಬೇರೆ ಬೆಲೆ ಕೇಳುವುದು ಹೇಗೆ ಅನ್ಯಾಯವೋ, ಹಣಕ್ಕೂ ಅದರ ಬಳಕೆಗೂ ಎರಡು ಬೆಲೆ ಕೇಳುವುದು ಹಾಗೆಯೇ ಅನ್ಯಾಯವೆಂದು ಸಂತ ಥಾಮಸರು ವಾದಿಸಿದರು. ಕಾಲವು ದೇವರದು, ಅದನ್ನು ಮಾರಲು ಮನುಷ್ಯನಿಗೆ ಅಧಿಕಾರವಿಲ್ಲ ಎಂಬುದೂ ಆ ಯುಗದ ಇನ್ನೊಂದು ವಾದ. ಮುಂದೆ ಧರ್ಮಸಭೆಯ ಚಿಂತಕರು, ಸಾಲ ಕೊಟ್ಟವನಿಗೆ ಆಗುವ ನಷ್ಟ, ಕೈತಪ್ಪುವ ಲಾಭ, ಹೊರುವ ಅಪಾಯ ಇವುಗಳಿಗೆ ನ್ಯಾಯವಾದ ಪರಿಹಾರ ಸಲ್ಲಬಹುದೆಂದು ಒಪ್ಪಿದರು. 1515ರಲ್ಲಿ ಐದನೆಯ ಲ್ಯಾಟೆರನ್ ಮಹಾಸಭೆಯು ಬಡವರಿಗೆ ಒತ್ತೆಯ ಮೇಲೆ ಸಾಲ ಕೊಡುವ ಧರ್ಮನಿಧಿಗಳು ತಮ್ಮ ಖರ್ಚಿಗಾಗಿ ಅಲ್ಪ ಮೊತ್ತವನ್ನು ಪಡೆಯಬಹುದೆಂದು ತೀರ್ಮಾನಿಸಿತು. ಆದ್ದರಿಂದ ಬ್ಯಾಂಕಿನ ಬಡ್ಡಿಯೆಲ್ಲವೂ ಪಾಪವೆಂದು ನಾವು ಹೇಳುವುದಿಲ್ಲ. ಆದರೆ ಸಾಲದಲ್ಲಿ ಮಾರಾಟವಾಗುವ ಸರಕು ಕಾಲವೇ ಎಂಬ ಒಳನೋಟ ಇಂದಿಗೂ ಸತ್ಯ. ಸರಕನ್ನು ಕೊಳ್ಳುವವನು ಅದರ ಬೆಲೆಯನ್ನು ತಿಳಿದಿರಬೇಡವೇ?

ನಮ್ಮ ಹಳ್ಳಿಗಳಲ್ಲಿ ಬಡ್ಡಿಯನ್ನು ‘ನೂರಕ್ಕೆ ಎರಡು’ ಎಂದು ತಿಂಗಳ ಲೆಕ್ಕದಲ್ಲಿ ಹೇಳುತ್ತಾರೆ. ಅದು ವರ್ಷಕ್ಕೆ ಶೇಕಡಾ 24. ಬ್ಯಾಂಕಿನ ಶೇಕಡಾ 9 ಎಂದರೆ ನೂರಕ್ಕೆ ತಿಂಗಳಿಗೆ ಮುಕ್ಕಾಲು ರೂಪಾಯಿ. ಎರಡು ರೂಪಾಯಿಯ ಬಡ್ಡಿ ಕಂಡವರಿಗೆ ಮುಕ್ಕಾಲು ರೂಪಾಯಿ ಅಗ್ಗವೆನಿಸುವುದು ಸಹಜ, ಅಗ್ಗವೂ ಹೌದು. ಆದರೆ ಲೇವಾದೇವಿಗಾರನ ಸಾಲವನ್ನು ಬೆಳೆ ಬಂದೊಡನೆ ತೀರಿಸಲು ಹೆಣಗುತ್ತೇವೆ, ಬ್ಯಾಂಕಿನದನ್ನು ಮೂವತ್ತು ವರ್ಷ ಹೊತ್ತು ನಡೆಯುತ್ತೇವೆ. ಇನ್ನು ಕೆಲವರು ಹೇಳುವ ‘ಫ್ಲಾಟ್’ ಬಡ್ಡಿಯ ವಿಷಯದಲ್ಲಿ ಎಚ್ಚರ ಬೇಕು. ಒಂದು ಲಕ್ಷಕ್ಕೆ ಫ್ಲಾಟ್ ಶೇಕಡಾ 10ರಂತೆ ಐದು ವರ್ಷಕ್ಕೆ 50,000 ಬಡ್ಡಿ ಕೂಡಿಸಿ ತಿಂಗಳಿಗೆ 2,500 ಕಟ್ಟಿಸಿಕೊಂಡರೆ, ತೀರಿಸಿದ ಅಸಲಿಗೂ ಬಡ್ಡಿ ಕಟ್ಟಿದಂತಾಗುತ್ತದೆ. ಬ್ಯಾಂಕಿನ ಪದ್ಧತಿಯಲ್ಲಿ ಎಣಿಸಿದರೆ ಅದು ಶೇಕಡಾ 17ಕ್ಕಿಂತ ಹೆಚ್ಚು. ಗ್ರಾಮ ಪಂಚಾಯಿತಿಯ ಜಾಗಕ್ಕೆ ಇ-ಸ್ವತ್ತಿನ ನಮೂನೆ 9 ಮತ್ತು 11 ಸರಿಯಾಗಿ ಇಲ್ಲದವರಿಗೆ ಬ್ಯಾಂಕಿನ ಬಾಗಿಲು ತೆರೆಯುವುದು ಕಷ್ಟ. ಅವರೇ ಹೆಚ್ಚಾಗಿ ದುಬಾರಿ ಸಾಲದತ್ತ ಹೋಗುವವರು. ಸಾಲಕ್ಕೆ ಓಡಾಡುವ ಮೊದಲು ಆ ಕಾಗದಗಳಿಗೆ ಓಡಾಡುವುದು ಲಾಭದ ಕೆಲಸ.

ಬಡ್ಡಿದರ ಒಂದೇ ಸಮನೆ ಇರುವುದಿಲ್ಲವೆಂಬುದು ಮುಂದಿನ ತೊಡಕು. 2022ರ ಮೇ ತಿಂಗಳ ಆರಂಭದಲ್ಲಿ ಶೇಕಡಾ 4 ಇದ್ದ ರಿಸರ್ವ್ ಬ್ಯಾಂಕಿನ ರೆಪೊ ದರವು 2023ರ ಫೆಬ್ರುವರಿಯ ಹೊತ್ತಿಗೆ 6.5ಕ್ಕೆ ಏರಿತು. ಶೇಕಡಾ 7ರ ಬಡ್ಡಿಗೆ 20 ವರ್ಷಕ್ಕೆ 10 ಲಕ್ಷ ತೆಗೆದವನ ಕಂತು 7,753 ರೂಪಾಯಿ. ಎರಡು ವರ್ಷ ಕಟ್ಟಿದ ಮೇಲೆ ಅವನ ಬಡ್ಡಿ 9.5ಕ್ಕೆ ಏರಿ, ಕಂತನ್ನು ಮಾತ್ರ ಮೊದಲಿನಂತೆಯೇ ಇಟ್ಟರೆ, ಉಳಿದ 18 ವರ್ಷದ ಅವಧಿ 37 ವರ್ಷಕ್ಕೆ ಹಿಗ್ಗುತ್ತದೆ. ಕಂತು ಏರಲಿಲ್ಲವಲ್ಲ ಎಂದು ಅವನು ನಿಶ್ಚಿಂತನಾಗಿರುತ್ತಾನೆ. ಇಂಥ ಪ್ರಸಂಗಗಳನ್ನು ಕಂಡೇ ರಿಸರ್ವ್ ಬ್ಯಾಂಕು 2023ರ ಆಗಸ್ಟ್‌ನಲ್ಲಿ ಸುತ್ತೋಲೆ ಹೊರಡಿಸಿತು: ದರ ಬದಲಾದಾಗ ಕಂತಿಗೆ ಏನಾಯಿತು, ಅವಧಿಗೆ ಏನಾಯಿತು ಎಂದು ಸಾಲಗಾರನಿಗೆ ತಿಳಿಸಬೇಕು, ಕಂತು ಹೆಚ್ಚಿಸುವುದೋ ಅವಧಿ ಹೆಚ್ಚಿಸುವುದೋ ಎಂಬ ಆಯ್ಕೆಯನ್ನು ಅವನಿಗೇ ಕೊಡಬೇಕು. 2025ರಲ್ಲಿ ರೆಪೊ ದರ ಹಲವು ಬಾರಿ ಇಳಿಯಿತು. ಆ ಇಳಿಕೆ ನಿಮ್ಮ ಸಾಲಕ್ಕೂ ಬಂದಿತೇ ಎಂದು ಬ್ಯಾಂಕಿಗೆ ಹೋಗಿ ಕೇಳಿದವರು ನಮ್ಮ ಧರ್ಮಕೇಂದ್ರದಲ್ಲಿ ಎಷ್ಟು ಮಂದಿ? ಕೈಯೆತ್ತಿರೆಂದರೆ ಬಹುಶಃ ಒಂದೂ ಏಳಲಿಕ್ಕಿಲ್ಲ.

ಸಾಲದ ಜೊತೆಗೆ ಅಂಟಿ ಬರುವ ಇತರ ವೆಚ್ಚಗಳೂ ಉಂಟು. ಪ್ರಕ್ರಿಯಾ ಶುಲ್ಕ, ವಕೀಲರ ಅಭಿಪ್ರಾಯ, ಅಡಮಾನದ ಮುದ್ರಾಂಕ, ವಿಮೆ. ವಿಮೆ ಒಳ್ಳೆಯದೇ, ದುಡಿಯುವವನು ಅಕಾಲದಲ್ಲಿ ತೀರಿಕೊಂಡರೆ ಮನೆ ಉಳಿಯುತ್ತದೆ. ಆದರೆ 30,000 ರೂಪಾಯಿಯ ವಿಮಾ ಕಂತನ್ನು ಸಾಲದಲ್ಲಿಯೇ ಸೇರಿಸಿಬಿಟ್ಟರೆ, ಶೇಕಡಾ 9ರಂತೆ ಮೂವತ್ತು ವರ್ಷಗಳಲ್ಲಿ ಅದಕ್ಕೆ ಸುಮಾರು 86,900 ತೆತ್ತಿರುತ್ತೇವೆ. 2024ರ ಅಕ್ಟೋಬರ್ 1ರಿಂದ ಹೊಸ ಸಾಲಗಳಿಗೆ ಬ್ಯಾಂಕುಗಳು ಮುಖ್ಯ ವಿವರಗಳ ಪತ್ರವೊಂದನ್ನು ಕೊಡಬೇಕೆಂಬ ನಿಯಮವಿದೆ. ಶುಲ್ಕಗಳನ್ನೆಲ್ಲ ಸೇರಿಸಿದ ನಿಜವಾದ ವಾರ್ಷಿಕ ದರ ಅದರಲ್ಲಿರಬೇಕು. ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಇರಬೇಕು. ಕನ್ನಡದಲ್ಲಿ ಕೊಡಿ ಎಂದು ಕೇಳಲು ಸಂಕೋಚಪಡಬೇಕಾಗಿಲ್ಲ.

ಇಷ್ಟು ಓದಿ, ಸಾಲವನ್ನೇ ಮಾಡಬಾರದೆಂದು ಯಾರೂ ತಿಳಿಯಬಾರದು. ದುಡಿಯುವವನಿಗೆ ಸ್ವಂತದ ಆಸ್ತಿ ಇರಬೇಕೆಂಬುದು ಹದಿಮೂರನೆಯ ಲಿಯೊ ಜಗದ್ಗುರುಗಳು 1891ರ ತಮ್ಮ ವಿಶ್ವಪತ್ರದಲ್ಲಿ ಎತ್ತಿಹಿಡಿದ ಮಾತು. ಬಡವರನ್ನು ಹಿಂಡುವ ಬಡ್ಡಿಯನ್ನು ಖಂಡಿಸಿದ್ದೂ ಅದೇ ಪತ್ರದಲ್ಲಿ. ಬಾಡಿಗೆಯ ಹಣ ಉಳಿಯುತ್ತದೆ. ಇಪ್ಪತ್ತು ವರ್ಷದ ಮುಂದಿನ ಒಂಬತ್ತು ಸಾವಿರಕ್ಕೆ ಇಂದಿನ ಒಂಬತ್ತು ಸಾವಿರದ ತೂಕವಿರುವುದಿಲ್ಲ. ಇವೆಲ್ಲ ಸಾಲದ ಪರವಾಗಿ ಹೇಳಬೇಕಾದ ಮಾತುಗಳು. ಆದರೆ ನೌಕರನ ಸಂಬಳ ಬೆಲೆಯೊಡನೆ ಏರಬಹುದು, ಮಗ್ಗದ ಕೂಲಿ ಹಾಗೆ ಏರುವುದೆಂದು ಯಾರೂ ಬರೆದುಕೊಟ್ಟಿಲ್ಲ.

ಇಲ್ಲಿ ಧರ್ಮೋಪದೇಶಕಾಂಡದ 24ನೆಯ ಅಧ್ಯಾಯದ ಒಂದು ವಿಧಿ ನೆನಪಾಗುತ್ತದೆ. ಸಾಲಕ್ಕಾಗಿ ಬೀಸುವ ಕಲ್ಲನ್ನು ಒತ್ತೆಯಿಟ್ಟುಕೊಳ್ಳಬಾರದು, ಅದು ಜೀವವನ್ನೇ ಒತ್ತೆಯಿಟ್ಟುಕೊಂಡಂತೆ ಎಂಬುದು ಅದರ ಭಾವ. ನೇಕಾರನ ಮನೆಯಲ್ಲಿ ಮಗ್ಗವೂ ಮನೆಯೂ ಬೇರೆ ಬೇರೆಯಲ್ಲ. ಮನೆಯನ್ನು ಅಡವಿಟ್ಟವನು ಬೀಸುವ ಕಲ್ಲನ್ನೂ ಅಡವಿಟ್ಟಿದ್ದಾನೆ. ಮೂರು ತಿಂಗಳು ಬಾಕಿ ಬಿದ್ದರೆ ಸಾಲವು ವಸೂಲಾಗದ ಸಾಲವೆಂದು ಬ್ಯಾಂಕಿನ ಲೆಕ್ಕಕ್ಕೆ ಸೇರುತ್ತದೆ. ಆ ಮೇಲೆ 2002ರ ಸರ್ಫೇಸಿ ಕಾಯಿದೆಯಡಿ 60 ದಿನಗಳ ನೋಟಿಸು ಕೊಟ್ಟು ಸ್ವಾಧೀನಕ್ಕೆ ಮುಂದಾಗಬಹುದು. ಕಂತು ಕಟ್ಟಲಾಗದ ತಿಂಗಳು ಬಂದರೆ ಬ್ಯಾಂಕಿಗೆ ಮುಖ ಮರೆಸದೆ, ನೋಟಿಸು ಬರುವ ಮೊದಲೇ ಹೋಗಿ ಮಾತನಾಡಬೇಕು. ಒಬ್ಬಂಟಿಯಾಗಿ ಹೋಗಲು ಅಳುಕಾದರೆ ಗುರುಗಳನ್ನು ಕರೆಯಿರಿ, ಬರುತ್ತೇವೆ.

ಸಾಲದ ಸಂಕಟಕ್ಕೆ ಒಟ್ಟಾಗಿ ಉತ್ತರ ಹುಡುಕಿದವರು ನಮ್ಮ ಸೀಮೆಯಲ್ಲಿಯೇ ಇದ್ದರು. ನೆರೆಯ ಗದಗ ಜಿಲ್ಲೆಯ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು 1905ರಲ್ಲಿಯೇ ರೈತರ ಸಹಕಾರಿ ಪತ್ತಿನ ಸಂಘ ಕಟ್ಟಿದರು. ಮಂಗಳೂರಿನ ಕಥೋಲಿಕರು 1912ರಲ್ಲಿ ತಮ್ಮ ಸಹಕಾರಿ ಬ್ಯಾಂಕನ್ನು ಆರಂಭಿಸಿದರು. ನಮ್ಮ ಧರ್ಮಕೇಂದ್ರಗಳಲ್ಲಿ ಹಬ್ಬದ ಅಲಂಕಾರಕ್ಕೆ ಸಮಿತಿಯುಂಟು. ಸಾಲದ ಕಾಗದ ಓದಿ ಹೇಳುವ ಇಬ್ಬರನ್ನು ನೇಮಿಸಲು ಏನು ಅಡ್ಡಿಯೋ ತಿಳಿಯದು.

ಗುಡೂರಿನ ಮನೆಗೆ ಮರಳೋಣ. ಲೆಕ್ಕ ಕೇಳಿದ ತಂದೆ ಬಹಳ ಹೊತ್ತು ಮಾತನಾಡಲಿಲ್ಲ. ಗೋಪುರ ಕಟ್ಟಬಯಸುವವನು ಮೊದಲು ಕುಳಿತು ಖರ್ಚು ಎಣಿಸುತ್ತಾನೆಂದು ಯೇಸುಸ್ವಾಮಿ ಹೇಳಿದ್ದನ್ನು ಸಂತ ಲೂಕರ ಶುಭಸಂದೇಶದಿಂದ ಎಷ್ಟೋ ಬಾರಿ ಓದಿ ಬೋಧಿಸಿದ ನಮಗೆ, ಅಂದು ಅದನ್ನು ಉಚ್ಚರಿಸಲು ನಾಚಿಕೆಯಾಯಿತು. ಗೋಪುರ ಆಗಲೇ ಕಟ್ಟಿಯಾಗಿತ್ತು. ಆಗ ಸೊಸೆ ಒಳಗಿನಿಂದ ಕೇಳಿದಳು: ‘ಈಗರ ಏನಾರ ಮಾಡಾಕ ಬರ್ತೈತೇನ್ರಿ, ಫಾದರ್?’

ಬರುತ್ತದೆ. ಬದಲಾಗುವ ಬಡ್ಡಿದರದ ಗೃಹಸಾಲವನ್ನು ವ್ಯಕ್ತಿಗಳು ಮುಂಚಿತವಾಗಿ ತೀರಿಸಿದರೆ ಬ್ಯಾಂಕು ದಂಡ ಹಾಕುವಂತಿಲ್ಲವೆಂದು 2012ರಲ್ಲಿಯೇ ಆದೇಶವಾಗಿದೆ. ಉಳಿದ 26 ವರ್ಷವನ್ನು 16ಕ್ಕೆ ಇಳಿಸಬೇಕಾದರೆ ನಮ್ಮ ದುಂಡು ಲೆಕ್ಕದಲ್ಲಿ ತಿಂಗಳಿಗೆ 1,490 ರೂಪಾಯಿ ಹೆಚ್ಚು ಕಟ್ಟಬೇಕು. ಅದರಿಂದ ಉಳಿಯುವ ಹಣ ಸುಮಾರು 6,79,000. ತಿಂಗಳು ತಿಂಗಳು ಆಗದಿದ್ದರೆ ಸೀರೆಗಳಿಗೆ ಬೇಡಿಕೆ ಇರುವ ಹಬ್ಬ-ಮದುವೆಯ ದಿನಗಳಲ್ಲಿ ಒಮ್ಮೆಲೇ ಒಂದಿಷ್ಟು ಅಸಲಿಗೆ ಕಟ್ಟಬಹುದು. ‘ಕಂತು ಇಳಿಸಬೇಡಿ, ಅವಧಿ ಇಳಿಸಿ’ ಎಂದು ಬರೆದುಕೊಟ್ಟು ರಸೀದಿ ಪಡೆಯಬೇಕು. ಸಾಲ ಪೂರ್ತಿ ತೀರಿದ ಮೇಲೆ ಮನೆಯ ಮೂಲಪತ್ರಗಳನ್ನು 30 ದಿನಗಳೊಳಗೆ ಮರಳಿಸಬೇಕೆಂದು, ಬ್ಯಾಂಕಿನಿಂದಲೇ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕೆಂದು 2023ರ ಡಿಸೆಂಬರ್‌ನಿಂದ ನಿಯಮವಿದೆ.

1,490 ಎಲ್ಲಿಂದ ತರುವುದೆಂಬ ಚರ್ಚೆ ನಮ್ಮ ಎದುರಿಗೇ ನಡೆಯಿತು. ಮಗ ಮೋಟಾರ್ ಸೈಕಲ್ ಬದಲಿಸುವ ಯೋಚನೆ ಬಿಟ್ಟನು. ತಂದೆ ತಮ್ಮ ಮಾತ್ರೆಯ ಖರ್ಚಿನ ಸುದ್ದಿ ತೆಗೆದಾಗ ಸೊಸೆ ತಡೆದಳು. ಅದಕ್ಕೆ ಕೈ ಹಚ್ಚಬಾರದೆಂದಳು. ಮೊಮ್ಮಗಳ ಶಾಲೆಯ ಮಾತನ್ನು ಯಾರೂ ಎತ್ತಲಿಲ್ಲ. ಎರಡು ವಾರದ ನಂತರ ಭಾನುವಾರದ ಬಲಿಪೂಜೆ ಮುಗಿಸಿ ಹೊರಬಂದಾಗ ಮಗ ಬ್ಯಾಂಕಿಗೆ ಕೊಟ್ಟ ಅರ್ಜಿಯ ನಕಲನ್ನು ನಮಗೆ ತೋರಿಸಿದನು. ಮೇಲೆ ಬ್ಯಾಂಕಿನ ಮುದ್ರೆಯೂ ತಾರೀಖೂ ಇದ್ದವು. ಆ ತಿಂಗಳ ಹೆಚ್ಚಿನ ಹಣವನ್ನು ಅವನು ಆಗಲೇ ಕಟ್ಟಿ ಬಂದಿದ್ದನು.