ಮುಖವಾಡವೂ ಪ್ರಾಸವೂ: ‘ಆಪರೇಷನ್ ಡೂಮ್ಸ್‌ಡೇ’ ಎಂಬ ಧ್ವನಿಮುದ್ರಿಕೆಯ ವಿವೇಚನೆ

ಇಂಗ್ಲಿಷಿನ ಪಂಡಿತಕಾವ್ಯದಲ್ಲಿ ಪ್ರಾಸವು ತನ್ನ ಹಿಂದಿನ ಮನ್ನಣೆಯನ್ನು ಕಳೆದುಕೊಂಡು ಬಹುಕಾಲವಾಯಿತು. ಹಾಗೆ ಹೊರಬಿದ್ದ ಪ್ರಾಸಕ್ಕೆ ಆಶ್ರಯವನ್ನಿತ್ತದ್ದು 1970ರ ದಶಕದಲ್ಲಿ ನ್ಯೂಯಾರ್ಕ್ ನಗರದ ಕರಿಯ ಜನರ ಕೇರಿಗಳಲ್ಲಿ ಬೆಳೆದ ರ‍್ಯಾಪ್ ಎಂಬ ಪದ್ಯವಾಚನ. ರಾಗವಿಲ್ಲದೆ, ಮಾತಿನ ಧಾಟಿಯಲ್ಲಿಯೇ, ತಾಳಕ್ಕೆ ಹೊಂದಿಸಿ ನುಡಿಯುವುದು ಇದರ ಲಕ್ಷಣ. ಇದರಲ್ಲಿ ‘ಅಂಡರ್‌ಗ್ರೌಂಡ್’ ಎಂದು ಕರೆಯುವ ಒಂದು ಶಾಖೆಯುಂಟು. ‘ಭೂಗತ’ವೆಂದು ಅದನ್ನು ಕನ್ನಡಿಸಿದರೆ ಪಾತಕಿಗಳ ನೆನಪಾಗುವುದರಿಂದ ಆ ಮಾತು ಇಲ್ಲಿ ಸಲ್ಲದು. ದೊಡ್ಡ ಕಂಪೆನಿಗಳ ಹಂಗಿಲ್ಲದೆ, ಸಣ್ಣ ಪ್ರಕಾಶಕರ ಮೂಲಕ, ಬಲ್ಲ ಕೆಲವರಿಗಾಗಿ ಹೊರಡುವ ಕೃತಿಗಳೆಂಬುದಷ್ಟೇ ಅದರ ಅರ್ಥ. ಈ ಶಾಖೆಯ ಕೃತಿಗಳಲ್ಲಿ 1999ರಲ್ಲಿ ಹೊರಟ ‘ಆಪರೇಷನ್ ಡೂಮ್ಸ್‌ಡೇ’ ಎಂಬುದು ಸಾಹಿತ್ಯಾಭ್ಯಾಸಿಗಳ ಗಮನಕ್ಕೆ ವಿಶೇಷವಾಗಿ ಅರ್ಹವಾದುದು.

ಇದರ ಕರ್ತೃ ಡ್ಯಾನಿಯಲ್ ಡೂಮಿಲೆ. ಈತನು 1971ರಲ್ಲಿ ಲಂಡನ್ನಿನಲ್ಲಿ ಹುಟ್ಟಿ, ನ್ಯೂಯಾರ್ಕಿನ ಲಾಂಗ್ ಐಲೆಂಡಿನಲ್ಲಿ ಬೆಳೆದನು. ‘ಜೆವ್ ಲವ್ ಎಕ್ಸ್’ ಎಂಬ ಹೆಸರಿನಿಂದ, ತಮ್ಮನಾದ ಸಬ್‌ರಾಕ್‌ನೊಡನೆ, ‘ಕೆ.ಎಂ.ಡಿ.’ ಎಂಬ ತಂಡದಲ್ಲಿದ್ದನು. 1991ರಲ್ಲಿ ಎಲೆಕ್ಟ್ರಾ ಕಂಪೆನಿಯ ಮೂಲಕ ಹೊರಟ ಅವರ ಮೊದಲ ಧ್ವನಿಮುದ್ರಿಕೆಯು ಹಾಸ್ಯದಿಂದಲೂ ಎಳೆತನದ ಉತ್ಸಾಹದಿಂದಲೂ ತುಂಬಿದೆ. ಎರಡನೆಯದು ಸಿದ್ಧವಾಗುತ್ತಿದ್ದಾಗ, 1993ರಲ್ಲಿ, ಹೆದ್ದಾರಿಯನ್ನು ದಾಟುತ್ತಿದ್ದ ತಮ್ಮನು ಮೋಟಾರು ಬಡಿದು ಸತ್ತನು. ಮರುವರ್ಷ ಕಂಪೆನಿಯು ಆ ಕೃತಿಯ ಹೊದಿಕೆಯ ಚಿತ್ರದ ಬಗ್ಗೆ ಎದ್ದ ವಿವಾದಕ್ಕೆ ಅಂಜಿ ಪ್ರಕಟಣೆಯನ್ನೇ ಕೈಬಿಟ್ಟಿತು. ಕರಿಯರನ್ನು ಹೀಯಾಳಿಸುವ ಹಳೆಯ ವ್ಯಂಗ್ಯಮೂರ್ತಿಯೊಂದನ್ನು ನೇಣಿಗೆ ಹಾಕಿದಂತೆ ಆ ಚಿತ್ರವಿದ್ದಿತು. ಆ ಹೀಯಾಳಿಕೆಯನ್ನು ಕೊಲ್ಲುವುದೇ ಚಿತ್ರದ ಉದ್ದೇಶವೆಂಬುದನ್ನು ಆಕ್ಷೇಪಿಸಿದವರು ಗ್ರಹಿಸಲಿಲ್ಲ. ತಮ್ಮನನ್ನೂ ವೃತ್ತಿಯನ್ನೂ ಹೀಗೆ ಒಂದರ ಹಿಂದೆ ಒಂದಾಗಿ ಕಳೆದುಕೊಂಡ ಡೂಮಿಲೆಯು ಕೆಲವು ವರ್ಷ ಕಣ್ಮರೆಯಾದನು.

ಆತನು ಮರಳಿ ಕಾಣಿಸಿಕೊಂಡಾಗ ಮುಖವು ಕಾಣಲಿಲ್ಲ. ಮ್ಯಾನ್‌ಹಟನ್ನಿನ ನುಯೋರಿಕನ್ ಪೊಯೆಟ್ಸ್ ಕೆಫೆ ಎಂಬ ಕವಿಗೋಷ್ಠಿಯ ಸ್ಥಳದಲ್ಲಿ, ಮುಖದ ಮೇಲೆ ಹೆಂಗಸರ ಕಾಲುಚೀಲವನ್ನೆಳೆದುಕೊಂಡು ಪದ್ಯವನ್ನು ನುಡಿದನು. ಬಳಿಕ ಕಾಲುಚೀಲದ ಬದಲು ಲೋಹದ ಮುಖವಾಡವು ಬಂದಿತು, ಹೆಸರು ‘ಎಂ.ಎಫ್. ಡೂಮ್’ ಎಂದಾಯಿತು. 1962ರಲ್ಲಿ ಸ್ಟಾನ್ ಲೀ ಮತ್ತು ಜ್ಯಾಕ್ ಕರ್ಬಿ ಎಂಬವರು ಚಿತ್ರಕಥೆಗಳಿಗಾಗಿ ಕಲ್ಪಿಸಿದ ಡಾಕ್ಟರ್ ಡೂಮ್ ಎಂಬ ಖಳನೇ ಇದಕ್ಕೆ ಮೂಲ. ವಿಕಾರವಾದ ಮುಖವನ್ನು ಲೋಹದಲ್ಲಿ ಮುಚ್ಚಿಕೊಂಡು ಲೋಕದ ಮೇಲೆ ಹಗೆ ಸಾಧಿಸುವವನು ಅವನು. ಇಲ್ಲಿ ಕವಿಯು ತನ್ನನ್ನು ಹಲವೆಡೆ ಪ್ರಥಮಪುರುಷದಲ್ಲಿ, ‘ಆ ಖಳನು’ ಎಂದೇ ಹೇಳಿಕೊಳ್ಳುತ್ತಾನೆ. ರನ್ನನ ದುರ್ಯೋಧನನನ್ನೂ ನಾಗಚಂದ್ರನ ರಾವಣನನ್ನೂ ಪಾಠ ಹೇಳುವವರಿಗೆ ಪ್ರತಿನಾಯಕನ ಬಾಯಿಂದ ಶೋಕವು ಹೊರಡುವುದು ಹೊಸತಲ್ಲ. ಆದರೆ ಅಲ್ಲಿ ಕವಿಯು ಬೇರೆ, ಪಾತ್ರವು ಬೇರೆ. ಇಲ್ಲಿ ಕವಿಯೇ ಪಾತ್ರದೊಳಗೆ ಸೇರಿಕೊಂಡಿದ್ದಾನೆ.

ಇನ್ನು ಪ್ರಾಸದ ವಿಚಾರ. ಕನ್ನಡದ ಆದಿಪ್ರಾಸದಲ್ಲಿ ಪಾದದ ಎರಡನೆಯ ಅಕ್ಷರದ ವ್ಯಂಜನವು ಒಂದೇ ಆಗಿರಬೇಕು. ಅದರ ಮೇಲಿನ ಸ್ವರವು ಬೇರೆಯಾದರೂ ದೋಷವಿಲ್ಲ. ‘ಕರೆ’, ‘ಸಿರಿ’, ‘ನೊರೆ’ ಇವು ಒಂದಕ್ಕೊಂದು ಪ್ರಾಸವಾಗಬಲ್ಲವು. ಡೂಮ್‌ನ ಕ್ರಮವು ಇದಕ್ಕೆ ಹೆಚ್ಚುಕಡಮೆ ವಿಪರೀತ. ಅಲ್ಲಿ ಸ್ವರಗಳ ಸಾಲು ನಿಲ್ಲುತ್ತದೆ, ವ್ಯಂಜನಗಳು ಮಾರ್ಪಡುತ್ತವೆ. ಕನ್ನಡದಲ್ಲಿ ತೋರಿಸುವುದಾದರೆ, ‘ಹಳೆಯ ಮನೆ’ ಎಂಬುದಕ್ಕೆ ‘ಬರೆದ ಕಥೆ’ ಎಂಬುದು ಆ ಬಗೆಯ ಪ್ರಾಸ. ಐದು ಅಕ್ಷರಗಳಲ್ಲಿ ಒಂದು ವ್ಯಂಜನವೂ ತನ್ನ ಜಾಗದಲ್ಲಿ ಕೂಡುವುದಿಲ್ಲ, ಸ್ವರಗಳು ಮಾತ್ರ ಐದೂ ಕೂಡುತ್ತವೆ. ಇಂಥ ಪ್ರಾಸಗಳು ಪಾದಾಂತ್ಯಕ್ಕಾಗಿ ಕಾಯದೆ, ನಾಲ್ಕು ಪೆಟ್ಟಿನ ತಾಳದ ನಡುವೆ ಎಲ್ಲೆಂದರಲ್ಲಿ ತಲೆಯೆತ್ತುತ್ತವೆ. ವಾಕ್ಯವು ಪಾದವನ್ನು ಮೀರಿ ಹರಿಯುವುದರಿಂದ ಕೇಳುಗನು ಅರ್ಥವನ್ನು ಹಿಡಿಯುವಷ್ಟರಲ್ಲಿ ಪ್ರಾಸವು ಮುಂದೆ ಹೋಗಿರುತ್ತದೆ. ಧ್ವನಿಯಾದರೋ ಒರಟು, ಉಸಿರಿಗೆ ಅವಸರವಿಲ್ಲ. ಚಮತ್ಕಾರವು ಇಷ್ಟಿದ್ದರೂ ಅದನ್ನು ಮೆರೆಯಿಸುವ ಆತುರವಿಲ್ಲವೆಂಬುದೇ ಈ ವಾಚನದ ಹೆಚ್ಚುಗಾರಿಕೆ.

ಹಿಮ್ಮೇಳವನ್ನೂ ಬಹುಮಟ್ಟಿಗೆ ಆತನೇ ಕಟ್ಟಿದನು. ಹಳೆಯ ಧ್ವನಿಮುದ್ರಿಕೆಗಳ ತುಣುಕುಗಳನ್ನು ಯಂತ್ರದಿಂದ ಎತ್ತಿ ಮರಳಿ ಮರಳಿ ನುಡಿಸುವುದು ಈ ಕಲೆಯ ರೂಢಿ. 1991ರಲ್ಲಿ ನ್ಯೂಯಾರ್ಕಿನ ನ್ಯಾಯಾಲಯವೊಂದು ಅಪ್ಪಣೆಯಿಲ್ಲದೆ ಹಾಗೆ ಎತ್ತಿಕೊಳ್ಳುವುದು ಸಲ್ಲದೆಂದು ತೀರ್ಪಿತ್ತ ಮೇಲೆ ದೊಡ್ಡ ಕಂಪೆನಿಗಳು ಎಚ್ಚರಗೊಂಡವು. ಈ ಕೃತಿಯನ್ನು ಹೊರತಂದುದಾದರೋ ರೇಡಿಯೋ ಕಾರ್ಯಕ್ರಮಕಾರನಾದ ಬಾಬಿಟೊ ಗಾರ್ಸಿಯನ ‘ಫಾಂಡಲ್ ಎಮ್’ ಎಂಬ ಚಿಕ್ಕ ಸಂಸ್ಥೆ. ಶೀರ್ಷಿಕೆಯ ಹಾಡಿಗೆ ಶಾಡೆ ಹಾಡಿದ ‘ಕಿಸ್ ಆಫ್ ಲೈಫ್’ ಎಂಬ ಪ್ರಣಯಗೀತವೂ, ‘ರೈಮ್ಸ್ ಲೈಕ್ ಡೈಮ್ಸ್’ ಎಂಬುದಕ್ಕೆ ಕ್ವಿನ್ಸಿ ಜೋನ್ಸನ 1981ರ ಮೆದುವಾದ ಹಾಡೊಂದೂ ಆಧಾರ. ಬಿರುಸಾದ ರ‍್ಯಾಪಿಗೆ ಇಷ್ಟು ನಯವಾದ ಹಿಮ್ಮೇಳವು ಹೊಂದದೆಂದು ತೋರಬಹುದು. ಕೇಳಿದಾಗ, ಖಳನ ಬಿಂಕದ ಹಿಂದೆ ಬಾಲ್ಯದ ಮನೆಯ ರೇಡಿಯೋ ನುಡಿದಂತಾಗುತ್ತದೆ. ಚಿತ್ರಕಥೆಯ ಕಾರ್ಟೂನುಗಳಿಂದ ತೆಗೆದ ಸಂಭಾಷಣೆಗಳು ಮಾತ್ರ ಕೆಲವೆಡೆ ಅತಿಯಾಗಿವೆ. ಅತಿಥಿವಾಚಕರಲ್ಲಿ ಎಲ್ಲರೂ ಸಮರ್ಥರಲ್ಲ.

ಈ ಕೃತಿಯನ್ನು ಚಿತ್ರಕಥೆಯ ಆಟವೆಂದಷ್ಟೇ ಕೇಳುವವರು ‘?’ ಎಂಬ ಚಿಹ್ನೆಯೇ ಹೆಸರಾಗಿರುವ ಹಾಡನ್ನು ಗಮನಿಸಬೇಕು. ಅಲ್ಲಿ ಬಿಂಕದ ಮಾತು ಮೆಲ್ಲನೆ ಇಳಿದು, ಕೊನೆಗೆ ತೀರಿಕೊಂಡ ತಮ್ಮನತ್ತ ತಿರುಗುತ್ತದೆ. ಮುಖವನ್ನು ಮುಚ್ಚಿಕೊಂಡದ್ದರಿಂದಲೇ ಆ ಮಾತನ್ನಾಡುವುದು ಸಾಧ್ಯವಾಯಿತೆಂದು ಊಹಿಸಿದರೆ ತಪ್ಪಾಗಲಾರದು.

ಮ್ಯಾಡ್‌ಲಿಬ್‌ನೊಡನೆ 2004ರಲ್ಲಿ ಹೊರತಂದ ‘ಮ್ಯಾಡ್‌ವಿಲನಿ’ ಎಂಬುದು ಕಸುಬಿನ ದೃಷ್ಟಿಯಿಂದ ಇದಕ್ಕಿಂತ ಹದವಾದ ಕೃತಿ. ವಿಮರ್ಶಕರ ಮನ್ನಣೆಯೂ ಅದಕ್ಕೇ ಹೆಚ್ಚು. ಮುಂದೆ ಡೂಮ್ ಕೆಲವು ಸಭೆಗಳಿಗೆ ತನ್ನ ಬದಲು ಬೇರೊಬ್ಬನಿಗೆ ಮುಖವಾಡವನ್ನು ತೊಡಿಸಿ ಕಳುಹಿದನು. ಹಣ ತೆತ್ತು ಬಂದವರು ಮೋಸವೆಂದು ಸಿಟ್ಟಾದರು. ಅವರ ಸಿಟ್ಟು ನ್ಯಾಯವಾದುದೇ. ಆದರೂ ‘ಆ ಖಳನು’ ಎಂದು ತನ್ನನ್ನೇ ದೂರವಿರಿಸಿ ನುಡಿದ ಕವಿಗೆ ಮುಖವಾಡವನ್ನು ಇನ್ನೊಬ್ಬನಿಗೆ ಕೊಡುವುದು ಅದೇ ಹಾದಿಯ ಮುಂದಿನ ಹೆಜ್ಜೆಯಾಗಿದ್ದಿತು. ಆತನು 2020ರ ಅಕ್ಟೋಬರ್ 31ರಂದು ತೀರಿಕೊಂಡನು. ಲೋಕಕ್ಕೆ ಆ ಸುದ್ದಿಯು ತಿಳಿದದ್ದು ಡಿಸೆಂಬರ್ 31ರಂದು.